ಹಿಂಗಣ ಕೊಟ್ಟ ಸೋಡಚೀಟಿ

ಶುಕ್ರವಾರ, ಮಧ್ಯಾಹ್ನ

ಸಕಲ ಕಾಲಗಳ ಒಡೆಯರೂ, ಕಾಗದಪತ್ರಗಳ ಪ್ರಕಾರ ಇನ್ನೂ ನನ್ನ ಗಂಡನೂ ಆದ ನಿಮಗೆ,

ನೀವು ಹೇಳಿದ ಕೆಲಸ ಆಯಿತು. ಇದಿಷ್ಟನ್ನು ಮೊದಲೇ ಬರೆದುಬಿಡುತ್ತೇನೆ, ಯಾಕೆಂದರೆ ಉಳಿದದ್ದನ್ನು ಓದುವ ತಾಳ್ಮೆ ನಿಮಗಿಲ್ಲ. ಇವತ್ತು ಬೆಳಿಗ್ಗೆ ನೆಲಮಾಳಿಗೆಯ ಕಳಿಸುವ ಕೋಣೆಯಿಂದ ಎರಡು ಹಿಂಗಣಗಳು ಹೊರಟವು. ಬ್ರಹ್ಮಾಂಡ ಬಿರುಕು ಬಿಡಲಿಲ್ಲ. ನೀವಿನ್ನು ನಿಶ್ಚಿಂತೆಯಿಂದ ಭಾಷಣ ಬರೆದುಕೊಳ್ಳಬಹುದು.

ನಿಮ್ಮ ಪತ್ರ ಓದಿ ಬಹಳ ಹೊತ್ತು ನಕ್ಕೆ. ಹೆಂಡತಿ ಹೇಗಿದ್ದಾಳೆ ಎಂದು ಒಂದು ಮಾತಿಲ್ಲ. ಹೆತ್ತ ತಾಯಿಯನ್ನು ನನ್ನ ಬಳಿಯೇ ಬಿಟ್ಟುಹೋದವರಿಗೆ ಅವರ ಮಂಡಿನೋವಿನ ನೆನಪೂ ಇಲ್ಲ. ಆದರೆ ಹಿಂಗಣ ಎಂದರೇನು ಎಂಬುದಕ್ಕೆ ಒಂದು ಪುಟ ಪಾಠ. ಅಣುವಿನ ಹೊಟ್ಟೆಯೊಳಗಿನ ಕಣವಂತೆ, ಕಾಲದಲ್ಲಿ ಹಿಂದಕ್ಕೆ ಓಡುತ್ತದಂತೆ, ಇವತ್ತು ಗುಂಡಿ ಒತ್ತಿದರೆ ಸರಿಯಾಗಿ ಹೋದ ವರ್ಷದ ಇದೇ ಹೊತ್ತಿಗೆ ಮೇಲಿನ ಮಹಡಿಯ ಗಂಟೆ ಬಡಿಯುತ್ತದಂತೆ. ಗೊತ್ತು ಸ್ವಾಮಿ. ಇಷ್ಟು ವರ್ಷ ಆ ಯಂತ್ರವನ್ನು ನೋಡಿಕೊಂಡವಳು ನಾನು.

ನಿಮಗೆ ಗೊತ್ತಿಲ್ಲದ್ದನ್ನು ನಾನು ಹೇಳುತ್ತೇನೆ ಕೇಳಿ. ನೀವು ದೊಡ್ಡ ತಲೆಗಳೆಲ್ಲ ಸೇರಿ ಹಲಗೆಯ ಮೇಲೆ ಪ್ರಶ್ನೆ ಬರೆಯುತ್ತೀರಿ. ಗಂಟೆ ಒಂದು ಸಲ ಬಡಿದರೆ ಹೌದು, ಎರಡು ಸಲ ಬಡಿದರೆ ಬೇಡ. ಮುಂದಿನ ವರ್ಷದ ನಾವೇ ಎಲ್ಲವನ್ನೂ ಅನುಭವಿಸಿ, ತಿಳಿದು, ಉತ್ತರ ಕಳಿಸುತ್ತೇವೆ ಎಂಬ ನಂಬಿಕೆ. ಆದರೆ ಕಳಿಸುವ ದಿನ ಬಂದಾಗ ಯಾರಾದರೂ ಯೋಚಿಸಿ ಒತ್ತಿದ್ದುಂಟೆ? ಹೋದ ವರ್ಷ ಎಷ್ಟು ಬಡಿದಿತ್ತು ಎಂದು ನೋಡುತ್ತೀರಿ, ಅಷ್ಟೇ ಒತ್ತುತ್ತೀರಿ, ಕೈ ಒರೆಸಿಕೊಂಡು ಹೋಗುತ್ತೀರಿ. ಕ್ಯಾಂಟೀನಿನ ಅಡುಗೆಯವನನ್ನು ಬದಲಾಯಿಸಬೇಕೇ ಎಂದು ಕೇಳಿದಿರಿ, ಬೇಡ ಎಂದು ಬಂತು. ವರ್ಷವಿಡೀ ಸೀದದ್ದನ್ನು ತಿಂದು ಹೊಟ್ಟೆ ಕೆಡಿಸಿಕೊಂಡಿರಿ. ಕೊನೆಗೆ ಆ ಕೆಟ್ಟ ಹೊಟ್ಟೆಯನ್ನೇ ಹಿಡಿದುಕೊಂಡು ಕೆಳಗೆ ಬಂದು, ಬೇಡ ಎಂದೇ ಒತ್ತಿದಿರಿ. ನಿಮ್ಮ ಸಂಸ್ಥೆಯಲ್ಲಿ ಇದಕ್ಕೆ ಶಿಸ್ತು ಎನ್ನುತ್ತಾರೆ.

ಆ ಶಿಸ್ತನ್ನೇ ಸಂಸಾರಕ್ಕೂ ತಂದಿರಿ. ಹೋದ ವರ್ಷ ಇದೇ ದಿನ, ಬೇರೆ ಯಾರೂ ಕೆಲಸಕ್ಕೆ ಬರುವ ಮೊದಲು, ನಾವಿಬ್ಬರೂ ಒಟ್ಟಿಗೆ ಇರಬೇಕೇ ಎಂದು ಹಲಗೆಯ ಮೇಲೆ ಬರೆದಿರಿ. ಪಕ್ಕದಲ್ಲೇ ನಿಮ್ಮ ಚಹಾದ ಲೋಟ ಹಿಡಿದು ನಿಂತಿದ್ದ ನಾನು ತಮಾಷೆ ಎಂದುಕೊಂಡೆ. ಗಂಟೆ ಒಂದು ಸಲ ಬಡಿಯಿತು. ಆಮೇಲೆ ಸದ್ದಿಲ್ಲ. ನಿಮ್ಮ ಕಡೆ ತಿರುಗಿದೆ, ನಿಮ್ಮ ಮುಖ ಇಳಿದುಹೋಗಿತ್ತು. ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು ಸಲ ಬಡಿದಾಗ ಅದೇ ಮುಖ ಅರಳಿತು. ನನಗೆ ಉತ್ತರ ಸಿಕ್ಕಿದ್ದು ಆ ಮುಖದಿಂದ.

ನೀನು ಬೇಡ ಎಂದು ಎದುರಿಗೇ ಹೇಳಿ, ನಾಲ್ಕು ಮಾತಾಡಿ ಜಗಳ ತೆಗೆದು ಹೋಗಿದ್ದರೆ ನಿಮ್ಮ ಮೇಲೆ ಒಂದಿಷ್ಟು ಮರ್ಯಾದೆಯಾದರೂ ಉಳಿಯುತ್ತಿತ್ತು. ನನ್ನಣ್ಣ ವಿಚಾರಿಸಲು ಬಂದಾಗ, ನನ್ನ ಕೈಯಲ್ಲೇನಿದೆ ಭಾವ, ವಿಜ್ಞಾನವೇ ಹಾಗಂತು ಎಂದಿರಿ. ಕಣ್ಣಿಗೆ ಕಾಣದ ಕಣದ ಹೆಗಲ ಮೇಲೆ ಬಂದೂಕಿಟ್ಟು ಹೊಡೆದ ಶೂರರು ನೀವೊಬ್ಬರೇ ಇರಬೇಕು.

ಸರಿ, ಆ ಎರಡು ಬಡಿತಗಳನ್ನು ಕಳಿಸುವ ದಿನಕ್ಕಾದರೂ ಬರುತ್ತೀರಿ ಎಂದುಕೊಂಡಿದ್ದೆ. ಯಂತ್ರಕ್ಕೆ ಎರಡು ಬೀಗ, ಆ ಗೋಡೆಗೊಂದು ಈ ಗೋಡೆಗೊಂದು, ಇಬ್ಬರು ಒಟ್ಟಿಗೇ ತಿರುಗಿಸಬೇಕು ಎಂದು ನಿಯಮ ಮಾಡಿದವರೇ ನೀವು. ಈಗ ಬರೆಯುತ್ತೀರಿ: ಸನ್ಮಾನವಿದೆ, ಬರಲಾಗದು, ನನ್ನ ಬೀಗದ ಕೈ ಮನೆಯಲ್ಲೇ ಇದೆ, ಯಾರಾದರೂ ನಂಬಿಕಸ್ಥರಿಗೆ ಕೊಟ್ಟು ಕೆಲಸ ಮುಗಿಸು, ಎರಡು ಸಲ, ಮರೆಯಬೇಡ. ಹೆಂಡತಿಯನ್ನು ಬಿಡುವುದಕ್ಕೂ ಬಿಡುವಿಲ್ಲದ ಗಂಡಸನ್ನು ನಾನು ಇದೇ ಮೊದಲು ನೋಡಿದ್ದು. ಥೂ ಎನ್ನಬೇಕು ಅನಿಸುತ್ತದೆ, ಕಾಗದ ಒದ್ದೆಯಾಗುತ್ತದೆ ಎಂದು ಸುಮ್ಮನಿದ್ದೇನೆ.

ನಾನು ಒಂದೇ ಸಲ ಒತ್ತಿಬಿಟ್ಟರೆ, ನೀವು ಮನೆ ಬಿಟ್ಟದ್ದೇ ಸುಳ್ಳಾಗಿ, ಮತ್ತೆ ನನ್ನ ಪಕ್ಕದಲ್ಲಿ ಕಣ್ಣು ಬಿಡಬೇಕಾದೀತೋ ಎಂಬ ದಿಗಿಲು ನಿಮ್ಮ ಪತ್ರದ ಸಾಲುಸಾಲಿನಲ್ಲೂ ಕಾಣುತ್ತದೆ. ಹೆದರಬೇಡಿ. ನನಗೆ ನೀವು ಬೇಕಾಗಿಲ್ಲ. ನಿದ್ದೆ ಚೆನ್ನಾಗಿ ಬರುತ್ತಿದೆ. ನಿಮ್ಮ ಮೇಜನ್ನು ಕಿಟಕಿಯ ಬಳಿಗೆ ಎಳೆದು ಅತ್ತೆ ಅದರ ಮೇಲೆ ಹೂವಿನ ಕುಂಡ ಇಟ್ಟಿದ್ದಾರೆ, ಆ ಮೂಲೆಗೆ ಈಗ ಕಳೆ ಬಂದಿದೆ.

ಇತಿ,
ಇನ್ನು ಮುಂದೆ ನಿಮ್ಮವಳಲ್ಲದ,
ಕಳಿಸುವ ಕೋಣೆಯ ಮೇಲ್ವಿಚಾರಕಿ

ತಾ.ಕ.: ಆ ನಂಬಿಕಸ್ಥರು ಯಾರು ಎಂದು ಕೇಳುತ್ತೀರಿ. ನಿಮ್ಮ ತಾಯಿ. ನೋಯುವ ಮಂಡಿ ಹಿಡಿದುಕೊಂಡೇ ಮೆಟ್ಟಿಲಿಳಿದು ಬಂದು, ಆ ಗೋಡೆಯ ಬೀಗ ತಿರುಗಿಸಿದರು. ಗುಂಡಿಯ ಮುಚ್ಚಳ ತೆರೆಯಿತು. ನಾನು ಒಂದು ಸಲ ಒತ್ತಿದೆ. ಮೇಲೆ ಬರೆದದ್ದೆಲ್ಲ ನಿಜವಾಗಿದ್ದರೆ ಕೂಡಲೇ ಇನ್ನೊಂದು ಸಲವೂ ಒತ್ತಬೇಕಿತ್ತು. ನಾನು ಕೈ ತೆಗೆದುಬಿಟ್ಟೆ. ಆಯ್ತು ಅತ್ತೆ, ನಡೀರಿ ಮೇಲೆ ಹೋಗೋಣ ಅಂದೆ. ಅವರು ಸ್ವಲ್ಪ ಹೊತ್ತು ನನ್ನ ಮುಖವನ್ನೇ ನೋಡಿದರು. ಆಮೇಲೆ ನನ್ನನ್ನು ಪಕ್ಕಕ್ಕೆ ಸರಿಸಿ, ಎರಡನೆಯದನ್ನು ತಾವೇ ಒತ್ತಿದರು. ಯಾಕತ್ತೆ ಎಂದು ಕೇಳಿದ್ದಕ್ಕೆ, ಹೆತ್ತ ತಪ್ಪಿಗೆ ನಾನು ಅನುಭವಿಸ್ತೀನಿ, ನಿನಗ್ಯಾಕಮ್ಮ ಈ ಕರ್ಮ, ಅಂದರು.