ಮಿಲ್ಲಿನ ಗೇಟಿನ ರೀಲು

ಎಡಿಟಿಂಗ್ ಕೋಣೆಯ ಹೊರಗಿನ ಬೆಂಚು,
ಮಾರ್ಚ್ ೧೨, ಮಂಗಳವಾರ

ಅಮ್ಮಾ,

ನಿನ್ನ ಚಿಕ್ಕವಳ ನಮಸ್ಕಾರ. ಮಂಡಿನೋವು ಹೇಗಿದೆ? ಅಕ್ಕ ಎಣ್ಣೆ ತಿಕ್ಕುತ್ತಾಳೋ, ಬರೀ ಬಾಯಲ್ಲೇ ತಿಕ್ಕುತ್ತಾಳೋ?

"ಅವಳು ಹಳೇ ಸಿನಿಮಾ ಡಬ್ಬ ಹುಡುಕ್ತಾಳೆ" ಎಂದು ನನ್ನ ಕೆಲಸದ ಬಗ್ಗೆ ನೆಂಟರಿಗೆ ಹೇಳುತ್ತೀಯಂತೆ. ಸುಳ್ಳೇನಲ್ಲ. ಈಗಿನ ಸಿನಿಮಾಕ್ಕೆ ಹಿಂದಿನ ಕಾಲದ ನಿಜವಾದ ದೃಶ್ಯ ಬೇಕೆಂದರೆ, ಯಾರ ಅಟ್ಟದಲ್ಲಿ ರೀಲು ಕೊಳೆಯುತ್ತಿದೆ ಎಂದು ಪತ್ತೆ ಹಚ್ಚಿ, ಒಪ್ಪಿಗೆ ಪಡೆದು ತರುವವಳು ನಾನು. ಈ ಸಲ ನಿರ್ದೇಶಕಿ ಕೇಳಿದ್ದು ನಮ್ಮ ಮಿಲ್ಲಿನ ಮುಷ್ಕರ, ಅಪ್ಪ ಸತ್ತ ದಿನ. ಬೇರೆಯವರಿಗೆ ಬಿಟ್ಟುಕೊಡಲು ಮನಸ್ಸಾಗಲಿಲ್ಲ.

ಅಂದು ಚಿತ್ರ ತೆಗೆದ ಮುದುಕ ಇನ್ನೂ ಇದ್ದಾನೆ. ಮಂಚದಡಿಯ ಟ್ರಂಕಿನಿಂದ ಡಬ್ಬ ತೆಗೆದರೆ ಹುಳಿ ಘಾಟು ಮೂಗಿಗೆ ಬಡಿಯಿತು. "ತಗೊಂಡ್ಹೋಗಮ್ಮ, ಒಬ್ಳೇ ನೋಡ್ಬೇಡ" ಅಂದ. ಅದಕ್ಕೇ ಕಂಪ್ಯೂಟರಿಗೆ ಇಳಿಸಿ, ಸಂಕಲನಕಾರ, ನಿರ್ದೇಶಕಿ ಇಬ್ಬರ ಜೊತೆ ಕೂತು ನೋಡಿದೆ. ಒಬ್ಬಳೇ ನೋಡಿದ್ದರೇ ಚೆನ್ನಾಗಿತ್ತು. ನಾನು ಹುಟ್ಟುವ ಮೊದಲೇ ಹೋದ ಅಪ್ಪ, ಗೋಡೆಯ ಫೋಟೋದ ಅಪ್ಪ, ನಡೆಯುವುದನ್ನು ಮೊದಲ ಸಲ ಕಂಡೆ. ಅಕ್ಕನ ಹಾಗೇ ಎಡಕ್ಕೆ ವಾಲಿ ನಡೆಯುತ್ತಾನೆ. "ಒಂದೇ ಏಟಿಗೆ ಹೋದ್ರು, ನರಳಲಿಲ್ಲ" ಅನ್ನುತ್ತಿದ್ದೆ ನೀನು. ಇಲ್ಲಮ್ಮ. ಪೊಲೀಸರ ಮೊದಲ ಲಾಠಿ ಕಿವಿಯ ಮೇಲೆ ಬೀಳುತ್ತದೆ. ಅಪ್ಪ ಗೇಟಿನ ಸರಳು ಹಿಡಿದು ಏಳುತ್ತಾನೆ. ಹಿಡಿದ ಬೆರಳುಗಳನ್ನೇ ಜಜ್ಜುತ್ತಾರೆ. ಬಿದ್ದ ಮೇಲೆ ಎದೆಗೆ ಬೂಟು, ಬಾಯಿಗೆ ಬೂಟು. ಕಪ್ಪು-ಬಿಳುಪಿನ ಮೂಕಿ ರೀಲು, ರಕ್ತ ಕಪ್ಪಗಿದೆ, ಸದ್ದೇ ಇಲ್ಲ. ಕಾಲು ಹಿಡಿದು ಎಳೆಯುವಾಗಲೂ ಅವನ ಕೈ ನೆಲ ಕೆರೆಯುತ್ತಿತ್ತು.

ಸಂಕಲನಕಾರ ತೊಡೆ ತಟ್ಟಿದ. "ಎಂಥಾ ಏಟು! ನಿಧಾನಕ್ಕೆ ಓಡ್ಸಿ ಡೋಲು ಕೊಟ್ರೆ ಥಿಯೇಟರೇ ಎದ್ದು ನಿಲ್ಲುತ್ತೆ" ಎಂದು ಹಿಂದಕ್ಕೆ ತಿರುಗಿಸಿದ. ಅಪ್ಪ ಮತ್ತೆ ಎದ್ದ, ಮತ್ತೆ ಬಿದ್ದ. ಸಂಕಲನಕಾರ ಇನ್ನೊಮ್ಮೆ ತಿರುಗಿಸಲು ಹೋದಾಗ ನನ್ನ ಕೈಯಲ್ಲಿದ್ದ ತಗಡಿನ ಡಬ್ಬವನ್ನು ಅವನ ಮೂಗಿಗೆ ಬಿಟ್ಟೆ. ಮೂಗು ಒಡೆದು ಕೀಬೋರ್ಡೆಲ್ಲ ಕೆಂಪಾಯಿತು. ಮತ್ತೊಂದು ಬಿಡಲು ಕೈ ಎತ್ತಿದವಳನ್ನು ನಿರ್ದೇಶಕಿ ಹಿಂದಿನಿಂದ ತಬ್ಬಿ ಹಿಡಿದಳು. "ಅದು ನಮ್ಮಪ್ಪ" ಅಂದೆ. "ಮೊದ್ಲೇ ಹೇಳ್ಬಾರ್ದಿತ್ತಾ ಮೇಡಂ" ಎಂದು ಅವನು ಅತ್ತ. ಬೇರೆಯವರ ಅಪ್ಪನಾಗಿದ್ದರೆ ಡೋಲು ಹಾಕಬಹುದಿತ್ತೇನೋ! ನನಗಿನ್ನೂ ಅವನ ಮೇಲೆ ಕರುಣೆ ಹುಟ್ಟಿಲ್ಲ. ದೃಶ್ಯ ಪೂರ್ತಿ ಇರಬೇಕು, ಡೋಲಿಲ್ಲದೆ, ಇದ್ದ ವೇಗದಲ್ಲೇ ಎಂದು ಹಟ ಹಿಡಿದೆ. ನಿರ್ದೇಶಕಿ ಒಪ್ಪಿದ್ದಾಳೆ.

ಅಕ್ಕನಿಗೂ ಭಾವನಿಗೂ ಕೇಳಿದೆನೆಂದು ಹೇಳು. ಹುಷಾರಾಗಿರು.

ನಿನ್ನ
ಪುಟ್ಟಿ

ತಾಜಾಕಲಂ: ಇದನ್ನು ಮೇಲೆ ಬರೆಯಲು ಕೈ ಬರಲಿಲ್ಲ. ಕೊನೆಯಲ್ಲಿ ಒಬ್ಬ ತುಂಬು ಬಸುರಿ ಗುಂಪು ಸೀಳಿಕೊಂಡು ನುಗ್ಗಿ, ಊಟದ ಕ್ಯಾರಿಯರನ್ನು ಪೊಲೀಸಿನವನ ಮುಖಕ್ಕೆ ಬೀಸುತ್ತಾಳೆ. ಅವನು ಕುಸಿಯುತ್ತಾನೆ. ಅವಳ ಹೊಟ್ಟೆಗೆ ಬಂದ ಲಾಠಿಗೆ ಅವಳು ತೋಳು ಒಡ್ಡುತ್ತಾಳೆ. ತೋಳು ಮುರಿದು ಜೋತುಬೀಳುತ್ತದೆ. ಆ ದಿನ ಮನೆ ಬಿಟ್ಟು ಹೊರಡಲೇ ಇಲ್ಲ ಅಂದಿದ್ದೆಯಲ್ಲ ಅಮ್ಮಾ. ನಿನ್ನನ್ನು ತೋರಿಸಲು ನಿನ್ನ ಒಪ್ಪಿಗೆ ಬೇಕು. ಹೂಂ ಆಗಲಿ, ಊಹೂಂ ಆಗಲಿ, ಫೋನಿನಲ್ಲಿ ಬೇಡ. ಶನಿವಾರ ಬರುತ್ತೇನೆ. ಮೊದಲು ಆ ತೋಳು ಮುಟ್ಟಬೇಕು.