ಮೂರನೆಯ ಕೂಗು

ಸ್ಟೆನ್‌ಹೋಲ್ಮ್ ದ್ವೀಪ,
ಅಕ್ಟೋಬರ್ 1821

ಪಟ್ಟಣದ ನ್ಯಾಯಾಧೀಶರಾದ ದೊಡ್ಡವರಿಗೆ,

ಮೀನುಗಾರನ ವಿಧವೆ ಬೋದಿಲ್ ಮಾಡುವ ವಂದನೆಗಳು.

ನಮ್ಮ ದ್ವೀಪದ ನ್ಯಾಯಸ್ಥಾನವನ್ನು ನಿಮ್ಮ ಪಟ್ಟಣದ ನ್ಯಾಯಸ್ಥಾನದೊಳಗೆ ಸೇರಿಸಿದ್ದಾರೆಂದು ಚರ್ಚಿನಲ್ಲಿ ಓದಿ ಹೇಳಿದರು. ಊರಿನ ಎಂಟು ಜನ ಸಾಕ್ಷಿಗೆಂದು ಕೂರುತ್ತಿದ್ದ ಬೆಂಚುಗಳನ್ನು ಮೊನ್ನೆ ದೋಣಿಗೆ ಹೇರಿದರು. ಅದಕ್ಕೆ ನನ್ನ ತಕರಾರಿಲ್ಲ.

ನನ್ನ ಮಗ ಎಸ್ಬೆನ್ ಕಡಲಿಗೆ ಹೋದವನು ಮರಳಲಿಲ್ಲ. ಕಾಣೆಯಾದವನ ಹೆಸರನ್ನು ನ್ಯಾಯಸ್ಥಾನದ ಬಾಗಿಲಲ್ಲಿ ಮೂರು ಸಲ ಕೂಗಿಸಿ, ಅವನು ಓಗೊಡದಿದ್ದರೆ ಸತ್ತನೆಂದು ತೀರ್ಮಾನಿಸುವುದು ಇಲ್ಲಿಯ ಪದ್ಧತಿ. ಎರಡು ಸಲ ಕೂಗಿಯಾಗಿದೆ. ಹೆಸರು ಕೂಗುವ ಕೆಲಸದ ಲಾರಿಟ್ಸನನ್ನು, ಇನ್ನೂ ಗಟ್ಟಿಯಾಗಿ ಕೂಗಪ್ಪ ಎಂದು ಪೀಡಿಸಿದ್ದೆ. "ಅಲ್ಲಮ್ಮಾ, ಸಮುದ್ರ ದಾಟೋ ಗಂಟಲಿದ್ದಿದ್ರೆ ನಾನ್ಯಾಕೆ ಇಲ್ಲಿ ಬಿದ್ದಿರ್ತಿದ್ದೆ?" ಎಂದ. ಆದರೂ ಮುಖ ಕೆಂಪಾಗುವಷ್ಟು ಗಟ್ಟಿಯಾಗಿ ಕೂಗಿದ.

ಮೂರನೆಯ ಕೂಗು ಇನ್ನು ನಿಮ್ಮಲ್ಲಂತೆ. ಸೊಸೆ ಎಲ್ಸೆಗೆ ಬೇರೆ ಸಂಬಂಧ ಬಂದಿದೆ; ಆ ಕೂಗು ಮುಗಿಯದೆ ಅವಳು ಮತ್ತೆ ಮದುವೆಯಾಗುವಂತಿಲ್ಲ. "ಅತ್ತೆ, ಅವ್ರ ದಾರಿ ಕಾದು ಕಾದು ಸಾಕಾಯ್ತು. ನಾನಿನ್ನೂ ಬದುಕಿದೀನಲ್ಲ?" ಎಂದಳು. ಅವಳು ಹೇಳಿದ್ದು ಸರಿ. ಹಾಗಾಗಿ ಕೂಗನ್ನು ನಿಲ್ಲಿಸಿ ಎಂದು ಕೇಳಲಾರೆ.

ಕೇಳುವುದು ಇಷ್ಟೇ. ಅದನ್ನು ನಮ್ಮ ಹಳೆಯ ಬಾಗಿಲಲ್ಲೇ ಕೂಗಿಸಿ. ಬೀಗ ಹಾಕಿದ್ದರೂ ಅಡ್ಡಿಯಿಲ್ಲ, ಮೆಟ್ಟಿಲಿದೆ. ಲಾರಿಟ್ಸನೇ ಕೂಗಲಿ. ನಿಮ್ಮ ಪಟ್ಟಣದಲ್ಲಿ ನನ್ನ ಮಗನ ಮುಖ ಕಂಡವರು ಒಬ್ಬರೂ ಇಲ್ಲ, ಅಲ್ಲಿಗೆ ಬರಲು ನನ್ನ ಕಾಲು ಕೇಳುವುದಿಲ್ಲ.

ಹಿಂದಿನ ಎರಡು ಸಲ, ಅವನು ಬಂದಾನೆಂದು ಹೋಗಿ ನಿಂತಿದ್ದೆ. ಈ ಸಲ, ಅವನು ಸಾಯುವಾಗ ಹತ್ತಿರ ಯಾರಾದರೂ ಇರಲಿ ಎಂದು ನಿಲ್ಲುತ್ತೇನೆ.

ಇಂತಿ,
ಎಸ್ಬೆನ್‌ನ ತಾಯಿ ಬೋದಿಲ್