ಡಿಸ್‌ಬ್ಯಾಲೆನ್ಸ್‌ನಲ್ಲಿ ಇಳಿಯುವವರು

ಓಷ್, ಜೂನ್ ೧೪, ೨೦೦೮

ನನ್ನ ಬಾತ್ಮಾಳಿಗೆ,

ಕಲಿಪಾಳ ಸಲಾಮು. ನಿನ್ನ ಮನೆಮಂದಿ, ನಿನ್ನ ಯಾಕ್‌ಗಳು, ಮುರ್ಗಾಬಿನ ಆ ಗಾಳಿಗೂ ಆರದ ನಿನ್ನ ಒಲೆ, ಎಲ್ಲ ನೆಟ್ಟಗಿವೆ ಎಂದು ನಂಬಿ ಬರೆಯುತ್ತಿದ್ದೇನೆ. ಉತ್ತರ ತಡವಾಯಿತು. ಘಾಟಿಯಲ್ಲಿ ಹಿಮ ಬಿದ್ದು ಲಾರಿಗಳು ನಿಂತಿದ್ದವು ಎಂದು ನೆಪ ಹೇಳಬಹುದಿತ್ತು. ಆದರೆ ಮುರ್ಗಾಬಿಗೆ ಹೋಗುವ ಲಾರಿಗಳ ಚಕ್ರಗಳು ನನ್ನ ಕೈ ದಾಟಿಯೇ ಹೋಗುತ್ತವೆ, ದಾರಿ ಯಾವಾಗ ತೆರೆಯಿತೆಂದು ನಿನಗಿಂತ ಮೊದಲು ನನಗೆ ಗೊತ್ತಾಗುತ್ತದೆ. ನಿಜ ಹೇಳಬೇಕೆಂದರೆ ನಿನ್ನ ಕಾಗದ ಓದಿ ಸಿಟ್ಟು ಬಂದಿತ್ತು. ಸಿಟ್ಟಿನಲ್ಲಿ ಬರೆದರೆ ಹಾಳೆ ದಂಡ. ಈಗ ಗೆದ್ದಿದ್ದೇನೆ. ಗೆದ್ದವಳ ಅಕ್ಷರ ದುಂಡಗೆ ಬರುತ್ತದೆ, ನೋಡು.

ನೀನು ಬರೆದದ್ದು ನಾಲ್ಕು ಪುಟ, ಎಲ್ಲ ಒಂದೇ ಪದದ ಮೇಲೆ. ಶಿಕ್ಷಕರ ತರಬೇತಿಗೆ ದುಶಾಂಬೆಗೆ ಹೋಗಿದ್ದೆಯಂತೆ. ಅಲ್ಲಿ ಮಾತಿನ ನಡುವೆ ‘ಡಿಸ್‌ಬ್ಯಾಲೆನ್ಸ್’ ಅಂದೆಯಂತೆ. ಇಂಗ್ಲೆಂಡಿನಿಂದ ಬಂದಿದ್ದ ಮೇಷ್ಟ್ರು ನಕ್ಕು, ನಾವು ‘ಇಂಬ್ಯಾಲೆನ್ಸ್’ ಅನ್ನುತ್ತೇವೆ, ನೀವು ಹೇಳಿದ್ದು ರಷ್ಯನ್ನರಿಂದ ನಿಮ್ಮ ಬಾಯಿಗೆ ಅಂಟಿದ್ದು ಅಂದರಂತೆ. ಅಂದು ರಾತ್ರಿ ನಿನಗೆ ಅದೇ ಪದ ಹೊತ್ತ ನನ್ನ ಟೈರು ಅಂಗಡಿಯ ಬೋರ್ಡು ನೆನಪಾಯಿತು. ‘ನನ್ನ ತಪ್ಪು ಓಷ್‌ನ ರಸ್ತೆಯಲ್ಲಿ ನೇತಾಡುತ್ತಿದೆ ಕಲಿಪಾ, ದಯವಿಟ್ಟು ಇಳಿಸು’ ಎಂದು ಬರೆದೆ.

ನೀನು ಆ ಬೋರ್ಡನ್ನು ಕಣ್ಣಿಂದ ನೋಡಿಯೇ ಇಲ್ಲ. ಮದುವೆಯಾಗಿ ಘಾಟಿ ಹತ್ತುವ ದಿನ ಒಂದು ಚೀಟಿಯ ಮೇಲೆ ಇಂಗ್ಲಿಷಿನಲ್ಲಿ ಬರೆದು ಕೊಟ್ಟೆ, ಅಷ್ಟೇ. ಕೇಳು, ಅದು ಹೇಗಿದೆ ಅಂತ. ನನ್ನ ಗಂಡ ಸಪಾರ್ ಜೀವಮಾನವಿಡೀ ಬಸ್ಸು ಓಡಿಸಿದ ಮನುಷ್ಯ, ಕುಂಚ ಹಿಡಿದದ್ದು ಅದೇ ಮೊದಲು. ಮೊದಲ ಅಕ್ಷರಗಳನ್ನು ಎಮ್ಮೆಯಷ್ಟು ದೊಡ್ಡದಾಗಿ ಬರೆದ. ಅರ್ಧ ದಾಟಿದ ಮೇಲೆ ಹಲಗೆ ಮುಗಿಯುತ್ತಾ ಬಂದದ್ದು ಕಣ್ಣಿಗೆ ಬಿತ್ತು. ಉಳಿದ ಅಕ್ಷರಗಳು ತುಂಬಿದ ಬಸ್ಸಿನ ಹಿಂದಿನ ಸೀಟಿನಲ್ಲಿ ಕೂತ ಹಾಗೆ ಒಂದರ ಮೇಲೊಂದು ಒತ್ತಿಕೊಂಡಿವೆ. ಇಡೀ ಬೋರ್ಡು ಎಡಕ್ಕೆ ವಾಲಿದೆಯೋ ಎನ್ನಿಸುತ್ತದೆ. ಪಾಮೀರಿಗೆ ಹೊರಟ ವಿದೇಶಿಯರು ಜೀಪು ನಿಲ್ಲಿಸಿ ಅದರ ಫೋಟೋ ತೆಗೆಯುತ್ತಾರೆ. ಪದದ ಅರ್ಥ ಬರೆಯದೆ ತೋರಿಸಿದ್ದಾಳೆ, ಭಾರಿ ಜಾಣೆ ಎಂದು ಅವರ ಲೆಕ್ಕ. ನಾನು ತಲೆಯಾಡಿಸುತ್ತೇನೆ. ಪುಕ್ಕಟೆ ಬಂದ ಹೊಗಳಿಕೆಯನ್ನು ಯಾರಾದರೂ ತಿರುಗಿ ಕಳಿಸುತ್ತಾರೆಯೇ? ಫೋಟೋ ತೆಗೆದವರು ಹೇಗೂ ನಿಂತಿದ್ದೇವಲ್ಲ ಎಂದು ಚಕ್ರ ತೋರಿಸುತ್ತಾರೆ. ಬೋರ್ಡು ನನಗೆ ಸಂಬಳವಿಲ್ಲದ ಕೆಲಸಗಾರ.

ಎರಡು ಪದಕ್ಕೂ ಅರ್ಥ ಒಂದೇ ಅಂತ ಬರೆದಿದ್ದೀಯ. ಇರಬಹುದು. ನಾನು ಒಣಮೊಸರಿನ ಕುರುತ್ ಉಂಡೆ ಮಾರುತ್ತಿದ್ದ ಗಾಡಿಯಿಂದ ಸೈಕಲ್ ಟ್ಯೂಬಿಗೆ, ಟ್ಯೂಬಿನಿಂದ ಈ ಬ್ಯಾಲೆನ್ಸಿಂಗ್ ಯಂತ್ರಕ್ಕೆ ಬಂದವಳು, ಪುಸ್ತಕ ಹಿಡಿದು ಬಂದವಳಲ್ಲ. ಚಕ್ರದಲ್ಲಿ ಅದು ಎರಡು ಥರ ಅಂತ ಮಾತ್ರ ಬಲ್ಲೆ. ಒಂದು, ಒಂದೇ ಕಡೆ ಭಾರ. ಚಕ್ರವನ್ನು ತೂಗುಹಾಕಿ ಬಿಟ್ಟರೆ ಭಾರದ ಕಡೆ ಕೆಳಗೆ ಬಂದು ನಿಲ್ಲುತ್ತದೆ, ಕುರುಡನಿಗೂ ಗೊತ್ತಾಗುತ್ತದೆ. ಇನ್ನೊಂದು ಕಳ್ಳ. ಒಳಗಡೆ ಒಂದು ಬದಿಗೆ, ಹೊರಗಡೆ ಇನ್ನೊಂದು ಬದಿಗೆ ಭಾರ. ನಿಂತಿರುವಷ್ಟು ಹೊತ್ತು ಏನೂ ಇಲ್ಲ, ಸಾಧು. ರಸ್ತೆಗಿಳಿದು ವೇಗ ಹಿಡಿದ ಮೇಲೆ ಸ್ಟಿಯರಿಂಗ್ ನಡುಗಲು ಶುರು. ಅದಕ್ಕೆ ಸೀಸದ ತುಂಡನ್ನು ಎರಡೂ ಕಡೆ ಹೊಡೆಯಬೇಕು, ಒಂದು ಕಡೆ ಹೊಡೆದರೆ ಸಾಲದು. ಸಪಾರ್ ಹೋದ ಮೇಲೆ ಯಂತ್ರವನ್ನೂ ನಾನೇ ತಿರುಗಿಸುತ್ತೇನೆ.

ಇರಲಿ, ಗೆದ್ದ ಕಥೆಗೆ ಬರುತ್ತೇನೆ.

ನಿನ್ನ ಕಾಗದ ಬಂದ ವಾರವೇ ಅಬ್ದಿಕೆರಿಂ ಅಟಾ ಅಂಗಡಿಗೆ ಬಂದರು. ನಮ್ಮ ಬೀದಿಯ ಹಿರಿಯ, ಶಾಲೆಗಳ ಇನ್‌ಸ್ಪೆಕ್ಟರಾಗಿ ನಿವೃತ್ತರಾದವರು, ನಿನಗೆ ನೆನಪಿರಬೇಕು. ಊರಿನ ಹಬ್ಬಕ್ಕೆ ಮೊದಲು ಬೋರ್ಡುಗಳನ್ನೆಲ್ಲ ಸರಿಪಡಿಸಬೇಕೆಂದು ಬೀದಿಯವರು ಮಾಡಿಕೊಂಡ ಸಮಿತಿಗೆ ಅವರೇ ಮುಖ್ಯಸ್ಥರು. ಬಿಳಿ ಟೋಪಿ ಸರಿ ಮಾಡಿಕೊಂಡು, ಊರುಗೋಲಿನಿಂದ ಬೋರ್ಡನ್ನು ತೋರಿಸಿದರು.

“ಕಲಿಪಾ, ಇದು ನಮ್ಮ ಭಾಷೆ ಅಲ್ಲ. ಇಂಗ್ಲಿಷೂ ಅಲ್ಲ ಅಂತಾರೆ. ಮತ್ತೆ ಇದ್ಯಾವುದಮ್ಮ?”

“ನನ್ನದು, ಅಟಾ,” ಅಂದೆ.

“ನಿನ್ನದಾದ್ರೆ ಮನೆ ಒಳಗೆ ಇಟ್ಕೊ. ಹಬ್ಬದ ಹೊತ್ತಿಗೆ ಇಳಿಸಿರಬೇಕು. ಇಲ್ಲಾಂದ್ರೆ ನಾವೇ ಏಣಿ ತರ್ತೀವಿ.”

ನನ್ನ ಸಂಕಟ ಊಹಿಸಿಕೊ. ಅವರ ವಾದಕ್ಕೆ ಬೇಕಾದ ಸಾಕ್ಷಿ, ನಾಲ್ಕು ಪುಟ, ಇಂಗ್ಲಿಷ್ ಟೀಚರಾದ ನಿನ್ನದೇ ಕೈಬರಹದಲ್ಲಿ, ನನ್ನ ಏಪ್ರನ್ನಿನ ಜೇಬಿನಲ್ಲಿತ್ತು. ಅವರು ಅತ್ತ ತಿರುಗಿದ ಮೇಲೆ ನಿನ್ನ ಕಾಗದವನ್ನು ಹಳೆಯ ಟೈರುಗಳ ರಾಶಿಯ ಅಡಿಗೆ ಸೇರಿಸಿದೆ. ಬೇಜಾರು ಮಾಡಿಕೊಳ್ಳಬೇಡ.

ಆಮೇಲೆ ದೇವರೇ ಕಳಿಸಿದ ಹಾಗೆ ಡೋರಿನ್ ಎಂಬ ಇಂಗ್ಲಿಷ್ ಮುದುಕಿ ಮೋಟರ್‌ಸೈಕಲ್ಲಿನ ಮೇಲೆ ಬಂದಳು. ಪದಬಂಧ ಬಿಡಿಸುವ ಹುಚ್ಚು ಅವಳಿಗೆ. ಅವಳ ಜೊತೆಗಿದ್ದ ಗೈಡ್ ಅವಳ ಮಾತನ್ನು ನಮ್ಮ ಭಾಷೆಗೆ ತಿರುಗಿಸಿ ಹೇಳುತ್ತಿದ್ದ. ಬೋರ್ಡು ನೋಡಿ ಅವಳು ನಕ್ಕಳು, ಆದರೆ ನಿನ್ನ ಮೇಷ್ಟ್ರು ನಕ್ಕ ನಗುವಲ್ಲ. “ಈ ಪದ ನಮ್ಮಲ್ಲೂ ಇದೆ. ದೊಡ್ಡ ನಿಘಂಟಲ್ಲಿದೆ, ಅಪರೂಪ ಅಂತ ಗುರುತು ಹಾಕಿದಾರೆ. ಸಮತೋಲ ತಪ್ಪಿಸೋದಕ್ಕೂ ಅದನ್ನೇ ಅನ್ನಬಹುದು, ತಪ್ಪಿರೋದಕ್ಕೂ ಅನ್ನಬಹುದು. ಅಟ್ಟದ ಮೇಲೆ ಹಾಕಿಟ್ಟಿದೀವಿ, ಇಳಿಸೋರಿಲ್ಲ. ನೀನು ಇಳಿಸಿ ಒರೆಸಿ ಇಟ್ಟಿದೀಯ,” ಅಂದಳು.

ನಾನು ಅವಳನ್ನೂ ಗೈಡನ್ನೂ ಎಳೆದುಕೊಂಡು ಅಬ್ದಿಕೆರಿಂ ಅಟಾ ಮನೆಗೆ ಹೋದೆ. ಅವರು ಚಹಾ ಕೊಟ್ಟರು, ರೊಟ್ಟಿ ಮುರಿದಿಟ್ಟರು, ಎಲ್ಲ ಕೇಳಿಸಿಕೊಂಡರು. ಸೋಲಲಿಲ್ಲ.

“ಅಟ್ಟದ ಮೇಲಿರೋದು ಅವರ ಅಟ್ಟದ ಮೇಲೇ ಇರ್ಲಿ. ನಿಘಂಟಲ್ಲಿ ಸತ್ತೋರ ಹೆಸರೂ ಇರುತ್ತೆ. ಪದ ಅಂದ್ರೆ ಯಾವುದು ಗೊತ್ತಾ ಕಲಿಪಾ? ಹೊಟ್ಟೆ ಉರಿದಾಗ, ಯೋಚನೆ ಮಾಡೋಕೆ ಮುಂಚೆ ಬಾಯಿಗೆ ಬರುತ್ತಲ್ಲ, ಅದು. ಈ ಊರಲ್ಲಿ ಯಾರ ಬಾಯಿಗಾದ್ರೂ ಇದು ಹಾಗೆ ಬರುತ್ತಾ?”

ಬರುತ್ತದೆ ಅಂದೆ. ನಮ್ಮ ರಸ್ತೆಯ ವ್ಯಾನಿನ ಡ್ರೈವರುಗಳು ನನ್ನ ಅಂಗಡಿ ಹತ್ತಿರವಾದಾಗ “ಡಿಸ್‌ಬ್ಯಾಲೆನ್ಸ್‌ನಲ್ಲಿ ಇಳಿಯೋರು ಮುಂದೆ ಬನ್ನಿ” ಅಂತ ಕೂಗುವುದನ್ನು ಹೇಳಿದೆ. ಪಕ್ಕದಲ್ಲಿ ಮಾಂಸದ ಹೂರಣದ ಸಂಸಾ ಸುಡುವ ಉಲ್ಕಾನ್ ಅಪಾ ತನ್ನ ಗಂಡನಿಗೆ “ನಿಂಗೆ ಬೆಳಿಗ್ಗೆಯಿಂದ ಡಿಸ್‌ಬ್ಯಾಲೆನ್ಸ್, ಹೋಗು, ಕಲಿಪಾ ಹತ್ರ ಸೀಸ ಹೊಡೆಸ್ಕೊಂಡು ಬಾ” ಅನ್ನುವುದನ್ನು ಹೇಳಿದೆ. ಅತ್ತೆ ಸೊಸೆ ಜಗಳವಾಡಿಕೊಂಡು ನನ್ನ ಅಂಗಡಿಗೆ ಬಂದು, ಯಾರ ಕಡೆ ಭಾರ ಜಾಸ್ತಿ ಹೇಳು ಎಂದು ಟೈರಿನ ಮೇಲೆ ಕೂತದ್ದನ್ನೂ ಹೇಳಿದೆ. ಅಟಾ ಗಡ್ಡ ನೇವರಿಸಿಕೊಂಡರು.

“ವ್ಯಾನಿನವರು, ಸಂಸಾದವರು. ಅವರೆಲ್ಲ ನಿನ್ನ ಗಿರಾಕಿಗಳು,” ಅಂದರು. “ಮರ್ಯಾದಸ್ಥರ ಬಾಯಲ್ಲಿ ಕೇಳಿಸ್ಲಿ, ಆಮೇಲೆ ನೋಡೋಣ.”

ಹೊರಗೆ ಬಂದ ಮೇಲೆ ಡೋರಿನ್ ನನ್ನ ಭುಜ ತಟ್ಟಿ ಏನೋ ಅಂದಳು. ಮುದುಕ ಗಟ್ಟಿ, ಆದರೆ ನ್ಯಾಯವಂತ ಅಂದಳು ಎಂದು ಗೈಡ್ ಹೇಳಿದ. ನ್ಯಾಯ ಇಟ್ಟುಕೊಂಡು ಏಣಿಯನ್ನು ತಡೆಯಲಾಗುವುದಿಲ್ಲ. ಅವಳು ಘಾಟಿ ಹತ್ತಿದಳು. ನಾನು ದಿನಾ ಬೆಳಿಗ್ಗೆ ಬಾಗಿಲು ತೆಗೆಯುವಾಗ ಮೊದಲು ತಲೆಯೆತ್ತಿ ಬೋರ್ಡು ಇದೆಯೇ ಎಂದು ನೋಡಿಕೊಂಡೆ.

ಹಬ್ಬಕ್ಕೆ ಇನ್ನೂ ಸ್ವಲ್ಪ ದಿನವಿರುವಾಗ ಉಲ್ಕಾನ್ ಅಪಾಳ ಮೊಮ್ಮಗ ಹೆಜ್ಜೆ ಹಾಕಲು ಕಲಿತ. ಕಾಲಿನ ದಾರ ಕತ್ತರಿಸುವ ಊಟ. ಕರಿ ಬಿಳಿ ದಾರದಿಂದ ಕೂಸಿನ ಕಾಲು ಕಟ್ಟಿದರು, ಮಕ್ಕಳು ಪಂದ್ಯ ಕಟ್ಟಿ ಓಡಿ ಬಂದರು, ಗೆದ್ದವಳು ಆ ದಾರ ಕತ್ತರಿಸಿದಳು. ಕೂಸು ಎರಡು ಹೆಜ್ಜೆ ನೆಟ್ಟಗೆ ಹಾಕಿ, ಮೂರನೆಯದಕ್ಕೆ ಕುಂಡೆಯೂರಿ ಕೂತಿತು. “ನೋಡಿ, ಕಲಿಪಾಗೆ ಹೊಸ ಗಿರಾಕಿ,” ಎಂದು ಯಾರೋ ಅಂದರು. ಎಲ್ಲರೂ ನಕ್ಕರು. ಅಟಾ ನಗಲಿಲ್ಲ. ಅದನ್ನು ಗಮನಿಸಿದೆ.

ಆಮೇಲೆ ಮಾಂಸ ಬಂತು. ಯಾರ ತಟ್ಟೆಗೆ ಯಾವ ಮೂಳೆ ಎನ್ನುವುದರಲ್ಲಿ ನಮ್ಮವರ ಮಾನ ಅವಮಾನ ಎಲ್ಲ ಇದೆ, ನಿನಗೆ ಹೇಳಬೇಕಿಲ್ಲ. ಆ ದಿನ ಮೂಳೆ ಹಂಚಲು ನಿಂತವನು ಉಲ್ಕಾನಳ ಹೊಸ ಅಳಿಯ, ಉತ್ತರದ ಕಡೆಯವನು, ನಮ್ಮ ಬೀದಿಯ ಮುಖಗಳು ಗೊತ್ತಿಲ್ಲ. ಹೊಳೆಯುವ ಕೋಟು ಹಾಕಿ ಹೊಟ್ಟೆ ಮುಂದೆ ಬಿಟ್ಟುಕೊಂಡು ಕೂತಿದ್ದ ಫರ್ನಿಚರ್ ವ್ಯಾಪಾರಿಯೇ ಹಿರಿಯನೆಂದುಕೊಂಡು ಸೊಂಟದ ಮೂಳೆಯನ್ನು ಅವನ ಮುಂದಿಟ್ಟ. ಮೂಲೆಯಲ್ಲಿ ಬಡಕಲು ಶರೀರದ ಅಬ್ದಿಕೆರಿಂ ಅಟಾ ಮುಂದೆ ಇಟ್ಟದ್ದು ಹುಡುಗರಿಗೆ ಇಡುವ ಕಾಲಿನ ಮೂಳೆ.

ಅಟಾ ತಟ್ಟೆ ನೋಡಿದರು. ವ್ಯಾಪಾರಿಯ ತಟ್ಟೆ ನೋಡಿದರು. ಕಿವಿ ಕೆಂಪಾಯಿತು. ತಟ್ಟೆಯನ್ನು ಒಂದು ಬೆರಳಿನಿಂದ ಆಚೆ ತಳ್ಳಿದರು.

“ಉಲ್ಕಾನ್,” ಅಂದರು, “ಎಪ್ಪತ್ತು ದಾಟಿದ ಮೇಲೆ ಇದನ್ನೂ ನೋಡಿದ್ದಾಯ್ತು. ನಿನ್ನ ಮನೇಲಿ ಪೂರಾ ಡಿಸ್‌ಬ್ಯಾಲೆನ್ಸ್ ಆಗೋಗಿದೆ.”

ಬಾತ್ಮಾ, ನಾನು ಉಸಿರು ಹಿಡಿದು ಕೂತೆ. ಬಾಯಿಬಿಟ್ಟರೆ ಕೆಲಸ ಕೆಡುತ್ತಿತ್ತು. ಅಳಿಯನಿಗೆ ಮಾತ್ರ ಏನೂ ಗೊತ್ತಿಲ್ಲ, ಪಾಪ, ಕೈ ಜೋಡಿಸಿಕೊಂಡು “ಏನಾಗಿದೆ ಅಂದ್ರಿ ಅಟಾ?” ಅಂದ.

“ಡಿಸ್‌ಬ್ಯಾಲೆನ್ಸ್,” ಎಂದು ಅಟಾ ಇನ್ನೊಂದು ಸಲ, ಕಿವುಡನಿಗೆ ಹೇಳುವ ಹಾಗೆ ಬಿಡಿಸಿ ಹೇಳಿದರು. ಹೇಳಿ ಮುಗಿಸುವಷ್ಟರಲ್ಲಿ ತಮ್ಮ ಬಾಯಿಂದ ಏನು ಬಂತೆಂದು ಅವರಿಗೇ ಕೇಳಿಸಿತು. ನಿಧಾನಕ್ಕೆ ತಲೆ ತಿರುಗಿಸಿ ನನ್ನ ಕಡೆ ನೋಡಿದರು. ನಾನು ಚಾವಣಿ ನೋಡುತ್ತಿದ್ದೆ.

ಮೊದಲು ನಕ್ಕದ್ದು ಉಲ್ಕಾನ್ ಅಪಾ. “ಅಟಾ, ಅದು ನಮ್ಮ ಭಾಷೆನಾ, ಇಂಗ್ಲಿಷಾ?”

“ಸುಮ್ನಿರೇ.”

“ಅಲ್ಲ, ಗಿರಾಕಿಗಳ ಬಾಯಿಗೆ ಮಾತ್ರ ಬರುತ್ತೆ ಅಂತ ಕೇಳಿದ್ದೆ. ನಿಮ್ಮ ಗಾಡಿ ಯಾವುದು ಅಟಾ?”

ಆ ನಗು ಅಂಗಳದಲ್ಲಿ ಕಟ್ಟಿದ್ದ ಕುದುರೆಗೂ ಕೇಳಿಸಿರಬೇಕು. ಅಟಾ ಗಡ್ಡ ಹಿಡಿದುಕೊಂಡು ತಾವೂ ನಕ್ಕರು. ಅಳಿಯ ಬೆವರುತ್ತಾ ತಟ್ಟೆ ಬದಲಿಸಿದ. ಸೊಂಟದ ಮೂಳೆ ಎದುರಿಗೆ ಬಂದ ಮೇಲೆ ಅಟಾ ಚಾಕು ತೆಗೆದು, ಅದರ ಒಳ್ಳೆಯ ತುಂಡನ್ನೇ ಕತ್ತರಿಸಿ, ಇಡೀ ಸಾಲು ದಾಟಿಸಿ ನನಗೆ ಕಳಿಸಿದರು. ಟೈರು ಅಂಗಡಿಯ ಹೆಂಗಸಿಗೆ, ಗಂಡಸರ ಸಾಲಿನಿಂದ. ವ್ಯಾಪಾರಿಯ ಮುಖ ನೀನು ನೋಡಬೇಕಿತ್ತು.

“ತಿನ್ನು ಕಲಿಪಾ. ಹೊಟ್ಟೆ ಉರಿದಾಗ ಬಂದದ್ದು ಪದ ಅಂತ ನಾನೇ ಹೇಳಿದ್ದೆ. ಬಂತು. ಬೋರ್ಡು ಇರ್ಲಿ. ಕೆಳಗೆ ನಮ್ಮ ಭಾಷೇಲೂ ಒಂದು ಸಾಲು ಬರೆಸು, ನಂಗೂ ಸ್ವಲ್ಪ ಮರ್ಯಾದೆ ಉಳೀಲಿ,” ಅಂದರು.

ಆ ಮಾಂಸದಷ್ಟು ರುಚಿಯಾದದ್ದನ್ನು ಬದುಕಿನಲ್ಲಿ ತಿಂದಿಲ್ಲ. ಮಾರನೆಯ ದಿನ ಸಮಿತಿಯ ಏಣಿ ಬಂತು. ಇಳಿಸಲು ಅಲ್ಲ. ಅಟಾ ಕೆಳಗೆ ನಿಂತು ಹಿಡಿದುಕೊಂಡರು, ಹೊಸ ಸಾಲು ಬರೆಯುವವನು ಮೇಲೆ ಹತ್ತಿದ. ಮೇಲಿನ ಸಾಲಿಗೆ ಕುಂಚದ ತುದಿಯೂ ತಾಗಕೂಡದೆಂದು ನಾನು ಕೆಳಗಿನಿಂದ ಹೇಳುತ್ತಲೇ ಇದ್ದೆ. ಹಬ್ಬದ ದಿನ ವ್ಯಾನಿನವರೆಲ್ಲ ನಮ್ಮ ಮುಂದೆ ಹಾರ್ನ್ ಹೊಡೆದುಕೊಂಡು ಹೋದರು. ಅಟಾ ಈಗ ಸಂಜೆ ಸಂಜೆ ಅಂಗಡಿಗೆ ಬಂದು ಕೂತು, ಬಂದವರಿಗೆಲ್ಲ ಆ ಪದದ ಅರ್ಥ ಬಿಡಿಸಿ ಹೇಳುತ್ತಾರೆ. ಅರ್ಥ ದಿನಕ್ಕೊಂದು ಜಾಸ್ತಿಯಾಗುತ್ತಿದೆ. ತಡೆಯಲು ನಾನು ಯಾರು?

ಹಾಗಾಗಿ ನೀನು ನಾಚಿಕೆಪಡಬೇಡ. ನೀನು ಚೀಟಿಯಲ್ಲಿ ಬರೆದ ಪದ ಓಷ್‌ನಲ್ಲಿ ಬದುಕಿದೆ, ಚೆನ್ನಾಗಿ ಉಂಡು ತಿಂದು ಇದೆ. ನಿನ್ನ ಮಕ್ಕಳ ಹೆಜ್ಜೆ ಗಟ್ಟಿಯಾಗಲಿ, ನಿನ್ನ ಯಾಕ್‌ಗಳು ಅವಳಿ ಹಾಕಲಿ, ನಿನ್ನ ಚಾವಣಿಯನ್ನು ಗಾಳಿ ಮುಟ್ಟದಿರಲಿ.

ನಿನ್ನ
ಕಲಿಪಾ

ಮತ್ತೊಂದು ಮಾತು: ಸಪಾರ್ ಹೋದ ಸುದ್ದಿಯನ್ನು ಕಳೆದ ಅಕ್ಟೋಬರಿನಲ್ಲಿ ಲಾರಿ ಡ್ರೈವರ್ ತೊಕ್ತೊಸುನ್ ಕೈಯಲ್ಲಿ ಬರೆದು ಕಳಿಸಿದ್ದೆ. ನಿನ್ನ ಕೈಗೇ ಕೊಟ್ಟೆ ಎಂದು ಅವನು ರೊಟ್ಟಿ ಮುಟ್ಟಿ ಆಣೆ ಮಾಡುತ್ತಾನೆ. ಆಮೇಲೆ ನಿನ್ನಿಂದ ಬಂದದ್ದು ಆ ನಾಲ್ಕು ಪುಟ. ಎರಡು ಸಲ ಓದಿದೆ, ಅಂಚುಗಳಲ್ಲೂ ಹುಡುಕಿದೆ. ಬೋರ್ಡು ಇಳಿಸು ಅಂದಿದ್ದೀಯ. ಅದನ್ನು ಬರೆದವನ ಹೆಸರು ಎಲ್ಲೂ ಇಲ್ಲ. ಅವನ ಕೈಬರಹ ನನ್ನಲ್ಲಿ ಉಳಿದಿರುವುದು ಅದೊಂದೇ ಬಾತ್ಮಾ. ಪದ ತಪ್ಪೆಂದು ಇಡೀ ಇಂಗ್ಲೆಂಡು ಬಂದು ಹೇಳಿದ್ದರೂ ಇಳಿಸುತ್ತಿರಲಿಲ್ಲ. ಸತ್ತವರ ಬಗ್ಗೆ ಏನು ಬರೆಯಬೇಕೆಂದು ತೋಚದೆ ಪದದ ಬಗ್ಗೆ ಬರೆದಿರಬೇಕು ನೀನು, ಹಾಗೆಂದು ನನಗೆ ನಾನೇ ಹೇಳಿಕೊಂಡಿದ್ದೇನೆ. ನಿಂತಿರುವಾಗ ನಾನು ಸರಿಯಾಗಿಯೇ ಇರುತ್ತೇನೆ. ಇನ್ನು ಕಾಗದ ಬೇಡ. ಇದನ್ನು ತಂದುಕೊಡುವ ತೊಕ್ತೊಸುನ್ ಶುಕ್ರವಾರ ಅಲ್ಲಿಂದ ಓಷ್‌ಗೆ ವಾಪಸು ಹೊರಡುತ್ತಾನೆ, ಅವನ ಪಕ್ಕದ ಸೀಟು ಖಾಲಿ. ಬಜಾರಿನ ತನಕ ಅವನು ಬಿಡುತ್ತಾನೆ. ಅಲ್ಲಿಂದ ವ್ಯಾನು ಹತ್ತು. ಎಲ್ಲಿ ಇಳಿಯಬೇಕೆಂದು ಡ್ರೈವರ್ ಕೇಳಿದಾಗ ಗಟ್ಟಿಯಾಗಿ ಹೇಳು, ಯಾರೂ ನಗುವುದಿಲ್ಲ.